ಅಜ್ಜನ ಮಾತ್ರೆ, ನಮ್ಮ ವೈವಾ: ಬೀಟಾ ಬ್ಲಾಕರ್ ಅಂದ್ರೆ ಏನು?

ಕಳೆದ ದೀಪಾವಳಿ ರಜೆಯಲ್ಲಿ ನಾವು ನಾಲ್ಕು ಜನ ಆಯನೂರಿನ ಗೆಳೆಯನ ಮನೆಗೆ ಹೋಗಿದ್ದೆವು. ಶಿವಮೊಗ್ಗದಿಂದ ಸಾಗರ ರಸ್ತೆ ಹಿಡಿದರೆ ಬಸ್ಸಲ್ಲಿ ಅರ್ಧ ಗಂಟೆಯ ದಾರಿ. ಅಡಿಕೆ ಕೊಯ್ಲು ಶುರುವಾಗಿತ್ತು, ಮನೆ ತುಂಬಾ ಜನ. ಎರಡನೇ ದಿನ ಸಂಜೆ ಜಗಲಿಯಲ್ಲಿ ಕೂತಿದ್ದ ಗೆಳೆಯನ ಅಜ್ಜ "ಯಾಕೋ ಎದೆ ಡವಡವ ಅಂತಿದೆ ಮಾರಾಯ" ಅಂದರು. ನಮ್ಮಲ್ಲೊಬ್ಬ ಮೊಬೈಲಿನ ಸ್ಟಾಪ್‌ವಾಚ್ ಹಾಕಿ ಅವರ ನಾಡಿ ಹಿಡಿದು ಎಣಿಸಿದ. ಸುಮ್ಮನೆ ಕೂತಿದ್ದಾಗಲೇ ನಿಮಿಷಕ್ಕೆ 116.

ಅಜ್ಜನಿಗೆ ಎರಡು ವರ್ಷದ ಹಿಂದೆ ಹಾರ್ಟ್ ಅಟ್ಯಾಕ್ ಆಗಿತ್ತು. ಅವತ್ತಿನಿಂದ ದಿನಾ ಬೆಳಿಗ್ಗೆ ಬೇರೆ ಮಾತ್ರೆಗಳ ಜೊತೆ ಮೆಟೊಪ್ರೊಲಾಲ್ ಅನ್ನೋ ಮಾತ್ರೆಯೂ ಇತ್ತು. ವಿಚಾರಿಸಿದರೆ, ಆ ಸ್ಟ್ರಿಪ್ ಖಾಲಿಯಾಗಿ ನಾಲ್ಕು ದಿನ ಆಗಿದೆ! "ಆರಾಮಾಗೇ ಇದೀನಲ್ಲ, ಹಬ್ಬ ಮುಗಿಸಿ ಶಿವಮೊಗ್ಗಕ್ಕೆ ಹೋದಾಗ ತಂದರಾಯ್ತು ಅಂದ್ಕೊಂಡೆ" ಅಂದರು ಅಜ್ಜ. ಔಷಧಿ ಅಂಗಡಿ ಊರಲ್ಲೇ ಇತ್ತು, ದುಡ್ಡೂ ಇತ್ತು. ಮನೆಯಲ್ಲಿ ಯಾರಿಗೂ ಇಲ್ಲದಿದ್ದದ್ದು ಒಂದೇ ಒಂದು ತಿಳಿವಳಿಕೆ: ಈ ಮಾತ್ರೆಯನ್ನು ಹೀಗೆ ಥಟ್ಟನೆ ನಿಲ್ಲಿಸಬಾರದು.

ಅವರನ್ನು ನೋಡುವ ವೈದ್ಯರಿಗೆ ಫೋನ್ ಮಾಡಿದೆವು. "ನೀವೇ ಮಾತ್ರೆ ಕೊಡೋಕೆ ಹೋಗಬೇಡಿ, ಈಗಲೇ ಕರ್ಕೊಂಡು ಬನ್ನಿ" ಅಂದರು. ಪಕ್ಕದ ಮನೆಯ ಕಾರಲ್ಲಿ ಶಿವಮೊಗ್ಗ. ಇಸಿಜಿ, ರಕ್ತ ಪರೀಕ್ಷೆ, ರಾತ್ರಿಯಿಡೀ ಮಾನಿಟರ್. ಹೊಸ ಅಟ್ಯಾಕ್ ಏನೂ ಆಗಿರಲಿಲ್ಲ. ಮಾತ್ರೆ ಮತ್ತೆ ಶುರುವಾಯ್ತು, ಮರುದಿನ ಅಜ್ಜ ಮನೆಗೆ ಬಂದರು.

ಆದರೆ ಆಸ್ಪತ್ರೆಯ ಬೆಂಚಿನ ಮೇಲೆ ಕೂತಿದ್ದಾಗ ನಮಗೆ ಇನ್ನೊಂದು ವಿಷಯ ನೆನಪಾಗಿ ಮುಖ ಮುಖ ನೋಡ್ಕೊಂಡಿದ್ದೆವು. ಒಂದು ತಿಂಗಳ ಹಿಂದೆ ನಮ್ಮಲ್ಲೊಬ್ಬ ಸೆಮಿನಾರಿಗೆ ಮೊದಲು ಕೈ ನಡುಗಬಾರದು ಅಂತ ಅವನ ಅಮ್ಮನ ಮೈಗ್ರೇನ್ ಮಾತ್ರೆ ನುಂಗಿದ್ದ. ಅದು ಪ್ರೊಪ್ರನೊಲಾಲ್, ಅಜ್ಜನ ಮಾತ್ರೆಯ ಒಡಹುಟ್ಟು. ಅದನ್ನ ಕೇಳಿ "ನಂಗೂ ಒಂದು ಕೊಡೋ" ಅಂದವನು ನಮ್ಮ ಭದ್ರಾವತಿಯ ಹುಡುಗ, ಜೇಬಲ್ಲಿ ಸದಾ ಅಸ್ತಮಾ ಇನ್ಹೇಲರ್ ಇಟ್ಕೊಂಡು ತಿರುಗೋನು. ಪುಣ್ಯಕ್ಕೆ ಅವತ್ತು ಸ್ಟ್ರಿಪ್ಪಲ್ಲಿ ಮಾತ್ರೆ ಉಳಿದಿರಲಿಲ್ಲ. ಉಳಿದಿದ್ದರೆ ಏನಾಗಬಹುದಿತ್ತು ಅನ್ನೋದು ಆಮೇಲೆ ಓದಿದಾಗಲೇ ಗೊತ್ತಾಗಿದ್ದು.

ಈ ಲೇಖನ ಬರೆಯೋಕೆ ಕಾರಣ ಈ ಎರಡು ಘಟನೆಗಳು. ನಾವು ವೈದ್ಯರಲ್ಲ. ಓದಿದ್ದನ್ನ ನಮ್ಮ ಎಂಜಿನಿಯರಿಂಗ್ ಭಾಷೆಯಲ್ಲಿ ಹೇಳ್ತಿದ್ದೀವಿ, ಅಷ್ಟೇ.

ಮೊದಲು ಆಕ್ಸಿಲರೇಟರ್, ಆಮೇಲೆ ಬ್ರೇಕ್

ತೋಟದಲ್ಲಿ ನಡೆಯುವಾಗ ಕಾಲ ಬಳಿ ಹಾವು ಸರಿದುಹೋಯ್ತು ಅಂತಿಟ್ಕೊಳ್ಳಿ. ಯೋಚನೆ ಮಾಡೋಕೆ ಮೊದಲೇ ಎದೆ ಹೊಡ್ಕೊಳ್ಳತ್ತೆ, ಕೈ ಬೆವರುತ್ತೆ, ಉಸಿರು ಜೋರಾಗತ್ತೆ. ಮೂತ್ರಪಿಂಡದ ಮೇಲಿರುವ ಅಡ್ರಿನಲ್ ಗ್ರಂಥಿಯಿಂದ ಅಡ್ರಿನಲಿನ್, ನರಗಳ ತುದಿಯಿಂದ ನಾರಡ್ರಿನಲಿನ್ ಹೊರಬಂದು "ಓಡು, ಇಲ್ಲಾ ಹೋರಾಡು" ಅಂತ ಇಡೀ ದೇಹಕ್ಕೆ ಸಂದೇಶ ಕೊಟ್ಟಿರುತ್ತವೆ.

ಸಂದೇಶ ಬಂದರೆ ಸಾಲದು, ಅದನ್ನ ಹಿಡಿಯೋ ಆಂಟೆನಾ ಬೇಕಲ್ಲ. ಆ ಆಂಟೆನಾಗಳೇ ರಿಸೆಪ್ಟರ್‌ಗಳು, ಜೀವಕೋಶದ ಹೊರಪೊರೆಯಲ್ಲಿ ಕೂತಿರುವ ಪ್ರೋಟೀನುಗಳು. 1948ರಲ್ಲಿ ಅಮೆರಿಕದ ರೇಮಂಡ್ ಆಲ್ಕ್ವಿಸ್ಟ್ ಎಂಬ ವಿಜ್ಞಾನಿ, ಇವು ಒಂದೇ ಬಗೆಯವಲ್ಲ, ಎರಡು ಗುಂಪು ಇವೆ ಎಂದು ತೋರಿಸಿ ಆಲ್ಫಾ, ಬೀಟಾ ಅಂತ ಹೆಸರಿಟ್ಟರು. ಬೀಟಾದಲ್ಲೂ ಉಪಜಾತಿಗಳಿವೆ. ನಮಗೆ ಮುಖ್ಯವಾದವು ಎರಡು:

ಬೀಟಾ-1: ಹೆಚ್ಚಾಗಿ ಹೃದಯದಲ್ಲಿ, ಮೂತ್ರಪಿಂಡದಲ್ಲೂ ಇದೆ. ಇದು ಚಾಲೂ ಆದರೆ ಹೃದಯ ಬೇಗ ಬೇಗ, ಜೋರಾಗಿ ಬಡಿಯುತ್ತದೆ.

ಬೀಟಾ-2: ಶ್ವಾಸಕೋಶದ ಕೊಳವೆಗಳಲ್ಲಿ, ಕೆಲವು ರಕ್ತನಾಳಗಳಲ್ಲಿ, ಸ್ನಾಯುಗಳಲ್ಲಿದೆ. ಇದು ಚಾಲೂ ಆದರೆ ಉಸಿರಿನ ಕೊಳವೆ ಅಗಲವಾಗುತ್ತದೆ, ಕೈ ನಡುಗುತ್ತದೆ.

ಅಡ್ರಿನಲಿನ್ ರಿಸೆಪ್ಟರಿಗೆ ಕೂತ ತಕ್ಷಣ ಒಳಗೆ ಜಿ-ಪ್ರೋಟೀನ್ ಎದ್ದೇಳುತ್ತದೆ, ಅದು ಒಂದು ಕಿಣ್ವವನ್ನು ಎಬ್ಬಿಸುತ್ತದೆ, ಆ ಕಿಣ್ವ ಸೈಕ್ಲಿಕ್ ಎಎಂಪಿ ಅನ್ನೋ ಅಣುಗಳನ್ನು ರಾಶಿ ರಾಶಿ ತಯಾರಿಸುತ್ತದೆ, ಕೊನೆಗೆ ಹೃದಯದ ಕೋಶದೊಳಕ್ಕೆ ಕ್ಯಾಲ್ಸಿಯಂ ನುಗ್ಗುತ್ತದೆ. ಎಲೆಕ್ಟ್ರಾನಿಕ್ಸ್‌ನವರು ಇದನ್ನ ನೋಡಿದರೆ ಮಲ್ಟಿ-ಸ್ಟೇಜ್ ಆಂಪ್ಲಿಫೈಯರ್ ಅಂತಾರೆ. ಇನ್‌ಪುಟ್ ಚಿಟಿಕೆಯಷ್ಟು, ಔಟ್‌ಪುಟ್ ಇಡೀ ಹೃದಯದ ಓಟ.

ಬೀಟಾ ಬ್ಲಾಕರ್ ಮಾಡೋದು ಏನು? ಬೀಗದೊಳಗೆ ಹೋಗುವ, ಆದರೆ ತಿರುಗದ ಕೀಲಿಕೈ ಅದು. ರಿಸೆಪ್ಟರಿನ ಜಾಗದಲ್ಲಿ ತಾನು ಕೂತುಬಿಡುತ್ತದೆ, ಸಿಗ್ನಲ್ ಮಾತ್ರ ಕೊಡುವುದಿಲ್ಲ. ಅಡ್ರಿನಲಿನ್ ಬಂದು ಬಾಗಿಲು ತಟ್ಟಿದರೆ ಸೀಟ್ ಭರ್ತಿ. ಇಲ್ಲೊಂದು ಸೂಕ್ಷ್ಮ ಇದೆ: ಈ ಮಾತ್ರೆ ಅಡ್ರಿನಲಿನ್ನನ್ನು ಕಡಿಮೆ ಮಾಡುವುದಿಲ್ಲ, ಅದರ ಮಾತು ಕೇಳಿಸದ ಹಾಗೆ ಮಾಡುತ್ತದೆ. ಈ ಸಾಲನ್ನ ನೆನಪಿಟ್ಕೊಳ್ಳಿ, ಅಜ್ಜನ ಕಥೆಗೆ ಉತ್ತರ ಇದರಲ್ಲೇ ಇದೆ.

ಪೂರೈಕೆ ಹೆಚ್ಚಿಸಲು ಆಗದಿದ್ದರೆ ಲೋಡ್ ಇಳಿಸಿ

1950ರ ದಶಕದಲ್ಲಿ ಎದೆನೋವಿಗೆ, ಅಂದರೆ ಆಂಜೈನಾಕ್ಕೆ, ಹೃದಯಕ್ಕೆ ಹೆಚ್ಚು ರಕ್ತ ಹರಿಸೋದು ಹೇಗೆ ಅಂತಲೇ ಹೆಚ್ಚಿನವರು ಯೋಚಿಸ್ತಿದ್ದರು. ಸ್ಕಾಟ್ಲೆಂಡಿನ ಜೇಮ್ಸ್ ಬ್ಲ್ಯಾಕ್ ಪ್ರಶ್ನೆಯನ್ನೇ ತಿರುಗಿಸಿದರು. ನಾಳ ಕಟ್ಟಿಕೊಂಡಿದೆ, ಆಕ್ಸಿಜನ್ ಪೂರೈಕೆ ಹೆಚ್ಚಿಸೋದು ಕಷ್ಟ. ಹಾಗಾದರೆ ಹೃದಯಕ್ಕೆ ಬೇಕಾಗುವ ಆಕ್ಸಿಜನ್ನನ್ನೇ ಯಾಕೆ ಕಡಿಮೆ ಮಾಡಬಾರದು?

ನಮ್ಮ ಜಿಲ್ಲೆಯವರಿಗೆ ಇದನ್ನ ವಿವರಿಸೋದು ಸುಲಭ. ಲಿಂಗನಮಕ್ಕಿಯಲ್ಲಿ ನೀರು ಕಡಿಮೆಯಾದ ವರ್ಷ ಮಳೆ ತರಿಸೋಕೆ ಆಗಲ್ಲ. ಲೋಡ್ ಇಳಿಸಬೇಕು, ಇಲ್ಲದಿದ್ದರೆ ಇಡೀ ಗ್ರಿಡ್ ಬೀಳತ್ತೆ. ಬ್ಲ್ಯಾಕ್ ಹೃದಯಕ್ಕೆ ಮಾಡಿದ್ದು ಇದೇ ಲೆಕ್ಕ. 1958ರಲ್ಲಿ ಅವರು ಬ್ರಿಟನ್ನಿನ ಐಸಿಐ ಕಂಪನಿ ಸೇರಿದರು. ಮೊದಲು ತಯಾರಿಸಿದ ಪ್ರೊನೆಥಲಾಲ್ ಇಲಿಗಳಲ್ಲಿ ಗೆಡ್ಡೆ ಉಂಟುಮಾಡಿತು, ಅದನ್ನ ಬದಿಗಿಟ್ಟರು. ನಂತರ ಬಂದದ್ದು ಪ್ರೊಪ್ರನೊಲಾಲ್. ಅದು ಬಳಕೆಗೆ ಬಂದ 1964ರಲ್ಲೇ ಲಿಂಗನಮಕ್ಕಿ ಅಣೆಕಟ್ಟೂ ಮುಗಿಯಿತು ಅನ್ನೋದು ಕಾಕತಾಳೀಯ. 1988ರಲ್ಲಿ ಬ್ಲ್ಯಾಕ್‌ಗೆ ವೈದ್ಯಶಾಸ್ತ್ರದ ನೊಬೆಲ್ ಸಿಕ್ಕಿತು. ರಿಸೆಪ್ಟರನ್ನೇ ಬೆನ್ನಟ್ಟಿ, ಅದರ ರಚನೆ ಹೇಗಿದೆ, ಹೇಗೆ ಕೆಲಸ ಮಾಡುತ್ತದೆ ಅಂತ ತೋರಿಸಿದ ರಾಬರ್ಟ್ ಲೆಫ್ಕೊವಿಟ್ಜ್ ಮತ್ತು ಬ್ರಯಾನ್ ಕೊಬಿಲ್ಕಾ ಅವರಿಗೆ 2012ರಲ್ಲಿ ರಸಾಯನಶಾಸ್ತ್ರದ ನೊಬೆಲ್.

ಲೆಕ್ಕ ಮಾಡಿ ನೋಡೋಣ. ನಿಮಿಷಕ್ಕೆ 90 ಬಡಿತ ಅಂದರೆ ದಿನಕ್ಕೆ 1,29,600. ಅದನ್ನ 60ಕ್ಕೆ ಇಳಿಸಿದರೆ 86,400. ದಿನಕ್ಕೆ 43,200 ಬಡಿತ ಉಳಿತಾಯ! ಇನ್ನೊಂದು ಲಾಭ ಇದಕ್ಕಿಂತ ಚೆಂದ. ಹೃದಯದ ಸ್ನಾಯುವಿಗೆ ರಕ್ತ ಹೆಚ್ಚಾಗಿ ಸಿಗೋದು ಅದು ಸಂಕುಚಿಸುವಾಗ ಅಲ್ಲ, ಸಡಿಲಗೊಂಡಾಗ. ಬಡಿತ ವೇಗವಾದಾಗ ಹೆಚ್ಚು ಕತ್ತರಿಸಿ ಹೋಗೋದು ಈ ವಿಶ್ರಾಂತಿಯ ಸಮಯವೇ. ಹಾಗಾಗಿ ವೇಗ ಇಳಿಸಿದರೆ ಖರ್ಚೂ ಕಡಿಮೆ, ಪೂರೈಕೆಗೆ ಸಮಯವೂ ಜಾಸ್ತಿ. ಡ್ಯೂಟಿ ಸೈಕಲ್ ಓದಿದವರಿಗೆ ಇದಕ್ಕಿಂತ ಹೆಚ್ಚು ಹೇಳಬೇಕಿಲ್ಲ.

ಯಾವ ಕಾಯಿಲೆಗೆ, ಯಾವ ಮಾತ್ರೆ?

ಹೆಸರಿನ ಕೊನೆಯಲ್ಲಿ "ಲಾಲ್" ಅಂತಿದ್ದರೆ ಅದು ಸಾಮಾನ್ಯವಾಗಿ ಈ ಕುಟುಂಬದ್ದು. ಆದರೆ ಕುಟುಂಬ ಒಂದೇ ಆದರೂ ಸ್ವಭಾವ ಬೇರೆ ಬೇರೆ.

ಪ್ರೊಪ್ರನೊಲಾಲ್ ಬೀಟಾ-1, ಬೀಟಾ-2 ಎರಡನ್ನೂ ಮುಚ್ಚುತ್ತದೆ. ಮೈಗ್ರೇನ್ ಬರದಂತೆ ತಡೆಯಲು (ಬಂದ ತಲೆನೋವನ್ನು ಇಳಿಸಲು ಅಲ್ಲ), ಕೈ ನಡುಕಕ್ಕೆ, ಥೈರಾಯ್ಡ್ ಹೆಚ್ಚಾದಾಗಿನ ಎದೆಬಡಿತಕ್ಕೆ, ಲಿವರ್ ಸಿರೋಸಿಸ್ ಇರುವವರಲ್ಲಿ ರಕ್ತಸ್ರಾವ ತಡೆಯಲು ಕೊಡುತ್ತಾರೆ. ಕೊಬ್ಬಿನಲ್ಲಿ ಕರಗುವುದರಿಂದ ಮೆದುಳಿಗೂ ಹೋಗುತ್ತದೆ, ಕೆಲವರಿಗೆ ಕೆಟ್ಟ ಕನಸು ಬೀಳೋದು ಅದಕ್ಕೇ. 2008ರಲ್ಲಿ ಫ್ರಾನ್ಸಿನ ಬೋರ್ಡೋದಲ್ಲಿ ಹೃದಯದ ತೊಂದರೆಗೆ ಇದನ್ನ ಕೊಟ್ಟ ಮಗುವಿನ ಮುಖದ ಮೇಲಿದ್ದ ರಕ್ತನಾಳದ ಕೆಂಪು ಗೆಡ್ಡೆ ಮರುದಿನವೇ ಬಣ್ಣ ಬದಲಿಸಿತ್ತು. ಈಗ ಅಂಥ ಗೆಡ್ಡೆಗೂ ಇದೇ ಮುಖ್ಯ ಔಷಧ.

ಮೆಟೊಪ್ರೊಲಾಲ್, ಬಿಸೊಪ್ರೊಲಾಲ್, ಅಟೆನೊಲಾಲ್ ಹೆಚ್ಚಾಗಿ ಬೀಟಾ-1ನ್ನೇ ಹಿಡಿಯುತ್ತವೆ. ಆಂಜೈನಾ, ಹೃದಯಾಘಾತದ ನಂತರ, ಬಡಿತದ ಲಯ ತಪ್ಪಿದಾಗ ಇವು ಬೇಕಾಗುತ್ತವೆ. ಆದರೆ "ಹೆಚ್ಚಾಗಿ" ಅನ್ನೋ ಪದ ಗಮನಿಸಿ. ಪ್ರಮಾಣ ಏರಿದರೆ ಇವೂ ಬೀಟಾ-2ಕ್ಕೆ ಕೈ ಹಾಕುತ್ತವೆ.

ಕಾರ್ವೆಡಿಲಾಲ್ ಮತ್ತು ಲ್ಯಾಬೆಟಲಾಲ್ ಬೀಟಾ ಜೊತೆಗೆ ಆಲ್ಫಾ ರಿಸೆಪ್ಟರನ್ನೂ ತಡೆದು ರಕ್ತನಾಳ ಸಡಿಲಿಸುತ್ತವೆ. ಗರ್ಭಿಣಿಯರ ಬಿಪಿಗೆ ಲ್ಯಾಬೆಟಲಾಲ್ ಬಹಳ ಬಳಕೆಯಲ್ಲಿದೆ.

ಟಿಮೊಲಾಲ್ ಗ್ಲಾಕೋಮಾಕ್ಕೆ ಹಾಕುವ ಕಣ್ಣಿನ ಹನಿ. ಕಣ್ಣಿನ ಹನಿ ತಾನೇ ಅಂತ ತಾತ್ಸಾರ ಬೇಡ. ಅದು ಕಣ್ಣೀರಿನ ನಾಳದಿಂದ ಮೂಗಿಗೆ ಇಳಿದು ನೇರ ರಕ್ತ ಸೇರುತ್ತದೆ. ಅಸ್ತಮಾ ಇರುವವರಿಗೆ ಅಷ್ಟರಿಂದಲೇ ಉಸಿರು ಕಟ್ಟಬಹುದು.

ಹಾಗಾದರೆ ಬರೀ ಬಿಪಿಗೆ? ಹಿಂದೆ ನಮ್ಮ ಎಷ್ಟೋ ಮನೆಗಳಲ್ಲಿ ಬಿಪಿ ಮಾತ್ರೆ ಅಂದರೆ ಅಟೆನೊಲಾಲ್. ಆದರೆ 2002ರಲ್ಲಿ ಪ್ರಕಟವಾದ ಲೈಫ್ ಎಂಬ ದೊಡ್ಡ ಅಧ್ಯಯನದಲ್ಲಿ ಪಾರ್ಶ್ವವಾಯು ತಡೆಯೋದರಲ್ಲಿ ಲೊಸಾರ್ಟಾನ್ ಅದಕ್ಕಿಂತ ಮೇಲು ಅಂತ ಕಂಡಿತು. ಈಗ ಬೇರೆ ಕಾರಣ ಇಲ್ಲದಿದ್ದರೆ ಬಿಪಿಗೆ ಮೊದಲ ಆಯ್ಕೆಯಾಗಿ ಬೀಟಾ ಬ್ಲಾಕರ್ ಕೊಡುವುದು ಕಡಿಮೆ. 2022ರ ರಾಷ್ಟ್ರೀಯ ಅಗತ್ಯ ಔಷಧಗಳ ಪಟ್ಟಿಯಿಂದ ಅಟೆನೊಲಾಲನ್ನು ಕೈಬಿಡಲಾಗಿದೆ. ಹಾಗಂತ ಮನೆಯಲ್ಲಿ ತಗೊಳ್ತಿರೋರು ಇದನ್ನ ಓದಿ ನಾಳೆಯಿಂದ ನಿಲ್ಲಿಸೋದಲ್ಲ, ಮುಂದಿನ ಭೇಟಿಯಲ್ಲಿ ವೈದ್ಯರನ್ನ ಕೇಳೋದು.

ಸೋತ ಹೃದಯಕ್ಕೆ ಬ್ರೇಕ್ ಯಾಕೆ?

ನಮ್ಮನ್ನ ಹೆಚ್ಚು ಅಚ್ಚರಿಗೊಳಿಸಿದ ಭಾಗ ಇದು. ಹೃದಯ ದುರ್ಬಲವಾಗಿ ರಕ್ತ ಸರಿಯಾಗಿ ಪಂಪ್ ಮಾಡದ ಸ್ಥಿತಿಗೆ ಹಾರ್ಟ್ ಫೇಲ್ಯೂರ್ ಅಂತಾರೆ. ಸೋತ ಎತ್ತಿಗೆ ಬ್ರೇಕ್ ಹಾಕ್ತಾರಾ ಯಾರಾದ್ರೂ? ಬೀಟಾ ಬ್ಲಾಕರ್ ಅಲ್ಲಿ ಕೊಡಲೇಬಾರದು ಅಂತ ಪುಸ್ತಕಗಳೂ ಹೇಳ್ತಿದ್ದವು. 1975ರಲ್ಲಿ ಸ್ವೀಡನ್ನಿನ ವಾಗ್‌ಸ್ಟೈನ್ ಮತ್ತು ಸಂಗಡಿಗರು ಕೆಲವೇ ರೋಗಿಗಳಿಗೆ ಕೊಟ್ಟು ಸುಧಾರಣೆ ಆಗಿದೆ ಎಂದು ವರದಿ ಮಾಡಿದರು. ಹೆಚ್ಚಿನವರು ನಂಬಲಿಲ್ಲ. 1999ರಲ್ಲಿ 3,991 ರೋಗಿಗಳ ಮೆರಿಟ್-ಎಚ್‌ಎಫ್ ಅಧ್ಯಯನ ಬಂತು: ಮೆಟೊಪ್ರೊಲಾಲ್ ತಗೊಂಡವರಲ್ಲಿ ಸಾವು ಶೇ. 34ರಷ್ಟು ಕಡಿಮೆ.

ಕಾರಣ ಸರಳ. ಸೋತ ಹೃದಯವನ್ನು ದೇಹ ಅಡ್ರಿನಲಿನ್ ಚಾಟಿಯಿಂದ ಹೊಡೆದು ಓಡಿಸ್ತಿರುತ್ತದೆ. ಓಡಿದಷ್ಟೂ ಸವೆಯುತ್ತದೆ, ಸವೆದಷ್ಟೂ ಚಾಟಿ. ಮಾತ್ರೆ ಆ ಚಾಟಿಯನ್ನ ತಡೆಯುತ್ತದೆ. ಆದರೆ ತೀರಾ ಸಣ್ಣ ಪ್ರಮಾಣದಿಂದ ಶುರುಮಾಡಿ, ವಾರಗಟ್ಟಲೆ ತಗೊಂಡು ನಿಧಾನ ಏರಿಸಬೇಕು. ಒಮ್ಮೆಲೇ ಕೊಟ್ಟರೆ ಹೃದಯ ಕುಸಿಯಬಹುದು.

ಹೃದಯಾಘಾತದ ನಂತರ ಕೊಡುವುದಕ್ಕೂ ಇಂಥದ್ದೇ ಇತಿಹಾಸ. 1981ರಲ್ಲಿ ಅಮೆರಿಕದಲ್ಲಿ 3,837 ರೋಗಿಗಳ ಅಧ್ಯಯನವನ್ನು ಅವಧಿಗೆ ಮೊದಲೇ ನಿಲ್ಲಿಸಿದರು, ಲಾಭ ಅಷ್ಟು ಸ್ಪಷ್ಟವಿತ್ತು: ಸಾವು ಶೇ. 9.8ರಿಂದ 7.2ಕ್ಕೆ ಇಳಿದಿತ್ತು. ಅದು ಸ್ಟೆಂಟ್ ಇಲ್ಲದ ಕಾಲ. 2024ರ ರೆಡ್ಯೂಸ್-ಎಎಂಐ ಅಧ್ಯಯನದಲ್ಲಿ, ಅಟ್ಯಾಕ್ ಆದರೂ ಹೃದಯದ ಪಂಪಿಂಗ್ ಚೆನ್ನಾಗೇ ಉಳಿದಿದ್ದ 5,020 ಜನರಲ್ಲಿ ಅಂಥ ಲಾಭ ಕಾಣಲಿಲ್ಲ. 2025ರಲ್ಲಿ ಬಂದ ಅಧ್ಯಯನಗಳ ಫಲಿತಾಂಶ ಒಂದೇ ದಿಕ್ಕಿನಲ್ಲಿಲ್ಲ. ಅಂದರೆ ಯಾರಿಗೆ, ಎಷ್ಟು ಕಾಲ ಅನ್ನೋದನ್ನ ಎಕೋ ವರದಿ ನೋಡಿ ವೈದ್ಯರು ತೀರ್ಮಾನಿಸಬೇಕೇ ಹೊರತು ಖಾಲಿಯಾದ ಸ್ಟ್ರಿಪ್ ಅಲ್ಲ.

ಪುನೀತ್ ರಾಜ್‌ಕುಮಾರ್ 2021ರ ಅಕ್ಟೋಬರ್ 29ರಂದು, 46ನೇ ವಯಸ್ಸಲ್ಲಿ ತೀರಿಕೊಂಡ ಮೇಲೆ ಹೃದಯದ ಮಾತು ನಮ್ಮ ಮನೆಗಳಲ್ಲೂ ಶುರುವಾಯ್ತು. ಅವರ ಹೆಸರಿನ ಹೃದಯ ಜ್ಯೋತಿ ಯೋಜನೆಯಲ್ಲಿ ತಾಲ್ಲೂಕು ಆಸ್ಪತ್ರೆಯಲ್ಲೇ ಇಸಿಜಿ ಮಾಡಿ, ತಜ್ಞರ ಸಲಹೆ ಪಡೆದು, ಅಗತ್ಯವಿದ್ದರೆ ರಕ್ತದ ಹೆಪ್ಪು ಕರಗಿಸುವ ಟೆನೆಕ್ಟೆಪ್ಲೇಸ್ ಇಂಜೆಕ್ಷನ್ ಕೊಡುತ್ತಾರೆ. ಆ ಮೊದಲ ಗಂಟೆಯ ಬಗ್ಗೆ ಈಗ ಎಲ್ಲರಿಗೂ ಗೊತ್ತು. ಅದಾದ ಮೇಲೆ ಮನೆಗೆ ಬರುವ ಮಾತ್ರೆಗಳ ಕವರಿನ ಬಗ್ಗೆ ಮಾತ್ರ ಯಾರೂ ಮಾತಾಡಲ್ಲ.

ವೈವಾ ಮಾತ್ರೆ

ಈಗ ನಮ್ಮ ತಪ್ಪಿಗೆ ಬರೋಣ. ಸೆಮಿನಾರಲ್ಲಿ ಹೆಸರು ಕರೆದ ಕೂಡಲೇ ಎದೆ ಬಡಿತ ಏರತ್ತೆ. ಬಡಿತ ಏರಿದ್ದನ್ನ ಮೆದುಳು ಗಮನಿಸಿ "ಓ, ಹೆದರಿದೀನಿ" ಅನ್ಕೊಳ್ಳತ್ತೆ, ಹೆದರಿಕೆ ಇನ್ನೂ ಏರತ್ತೆ. ಶುದ್ಧ ಪಾಸಿಟಿವ್ ಫೀಡ್‌ಬ್ಯಾಕ್. ಪ್ರೊಪ್ರನೊಲಾಲ್ ಈ ಲೂಪನ್ನ ಕತ್ತರಿಸೋದು ನಿಜ. ವೇದಿಕೆ ಭಯಕ್ಕೆ ಕೆಲವರಿಗೆ ವೈದ್ಯರೇ ಬರೆದುಕೊಡ್ತಾರೆ. ಕೈ ಸ್ಥಿರವಾಗಿಸುವ ಗುಣ ಇರೋದರಿಂದಲೇ ಶೂಟಿಂಗ್, ಬಿಲ್ಲುಗಾರಿಕೆಯಂಥ ಕ್ರೀಡೆಗಳಲ್ಲಿ ಇದು ನಿಷಿದ್ಧ. 2008ರ ಬೀಜಿಂಗ್ ಒಲಿಂಪಿಕ್ಸ್‌ನಲ್ಲಿ ಉತ್ತರ ಕೊರಿಯಾದ ಶೂಟರ್ ಕಿಮ್ ಜಾಂಗ್-ಸು ಪ್ರೊಪ್ರನೊಲಾಲ್ ಪರೀಕ್ಷೆಯಲ್ಲಿ ಸಿಕ್ಕಿಬಿದ್ದು ಬೆಳ್ಳಿ, ಕಂಚು ಎರಡೂ ಪದಕ ಕಳ್ಕೊಂಡರು.

ಆದರೆ ನಮ್ಮ ಭದ್ರಾವತಿಯ ಗೆಳೆಯನ ವಿಷಯ ನೋಡಿ. ಅವನ ಇನ್ಹೇಲರಿನಲ್ಲಿರೋದು ಸಾಲ್ಬುಟಮಾಲ್. ಅದು ಬೀಟಾ-2 ಬೀಗವನ್ನ ತಿರುಗಿಸಿ ಉಸಿರಿನ ಕೊಳವೆ ತೆರೆಯುವ ಕೀಲಿಕೈ. ಪ್ರೊಪ್ರನೊಲಾಲ್ ಅದೇ ಬೀಗದಲ್ಲಿ ಸಿಕ್ಕಿಕೊಳ್ಳುವ ತಿರುಗದ ಕೀಲಿಕೈ. ಅಂದರೆ ಆ ಮಾತ್ರೆ ಅವನಿಗೆ ಅಸ್ತಮಾ ಬರಿಸಬಹುದಿತ್ತು, ಜೊತೆಗೆ ಅವನನ್ನ ಕಾಪಾಡುವ ಇನ್ಹೇಲರನ್ನೂ ಕೈಕಟ್ಟಿ ಕೂರಿಸಬಹುದಿತ್ತು. ಎರಡೂ ಒಟ್ಟಿಗೆ. ಇದನ್ನ ಓದಿದ ದಿನ ನಮ್ಮ ರೂಮಲ್ಲಿ ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ.

ಇನ್ನೊಂದು ಅಪಾಯ ಸಕ್ಕರೆ ಕಾಯಿಲೆಯವರಿಗೆ. ಇನ್ಸುಲಿನ್ ತಗೊಳ್ಳೋರಿಗೆ ಸಕ್ಕರೆ ತೀರಾ ಇಳಿದರೆ ಎದೆ ಹೊಡ್ಕೊಂಡು, ಕೈ ನಡುಗಿ ಮುನ್ಸೂಚನೆ ಸಿಗತ್ತೆ. ಬೀಟಾ ಬ್ಲಾಕರ್ ಆ ಅಲಾರಮ್ಮನ್ನ ಮ್ಯೂಟ್ ಮಾಡಬಹುದು. ಬೆವರು ಮಾತ್ರ ಉಳಿಯತ್ತೆ. ಮೊದಲೇ ಬಡಿತ ನಿಧಾನ ಇರೋರಿಗೆ, ಹೃದಯದ ವಿದ್ಯುತ್ ಸಂಪರ್ಕದಲ್ಲಿ ಬ್ಲಾಕ್ ಇರೋರಿಗೆ ಇದು ಇನ್ನೂ ಅಪಾಯ. ಈ ಮಾತ್ರೆಗಳನ್ನ ವೈದ್ಯರ ಚೀಟಿ ಇಲ್ಲದೆ ಮಾರುವಂತಿಲ್ಲ ಅನ್ನೋ ನಿಯಮ ಸುಮ್ಮನೆ ಮಾಡಿದ್ದಲ್ಲ.

ವೈವಾಕ್ಕೆ ದೇಹದಲ್ಲೇ ಒಂದು ಬ್ರೇಕ್ ಇದೆ. ಹೃದಯದ ಸ್ವಂತ ವೇಗ ನಿಮಿಷಕ್ಕೆ ಸುಮಾರು 100. ವೇಗಸ್ ಅನ್ನೋ ನರ ಅದನ್ನ ಹಿಡಿದು 70ರ ಆಸುಪಾಸಿಗೆ ಇಳಿಸಿರುತ್ತದೆ. ಉಸಿರನ್ನ ನಿಧಾನವಾಗಿ, ಉದ್ದಕ್ಕೆ ಹೊರಬಿಟ್ಟರೆ ಈ ನರ ಚುರುಕಾಗುತ್ತದೆ. ಅದರ ಜೊತೆ ಸ್ನೇಹಿತರ ಮುಂದೆ ಎರಡು ಸಲ ರಿಹರ್ಸಲ್. ಅದಕ್ಕೂ ಬಗ್ಗದಷ್ಟು ಭಯ ಇದ್ದರೆ ನಾಚಿಕೆ ಬಿಟ್ಟು ವೈದ್ಯರನ್ನ ಕಾಣಿ, ಅಮ್ಮನ ಸ್ಟ್ರಿಪ್ಪನ್ನಲ್ಲ.

ಅಜ್ಜನಿಗೆ ಆಗಿದ್ದೇನು?

ಮಾತ್ರೆ ಅಡ್ರಿನಲಿನ್ನನ್ನು ಕಡಿಮೆ ಮಾಡಲ್ಲ, ಅದರ ಮಾತು ಕೇಳಿಸದಂತೆ ಮಾಡತ್ತೆ ಅಂದಿದ್ದೆವಲ್ಲ. ತಿಂಗಳುಗಟ್ಟಲೆ ಸಿಗ್ನಲ್ ಕೇಳಿಸದೇ ಇದ್ದಾಗ ಹೃದಯದ ಕೋಶಗಳು ಸುಮ್ಮನಿರಲ್ಲ, ಇನ್ನಷ್ಟು ರಿಸೆಪ್ಟರ್‌ಗಳನ್ನ ಕಟ್ಟಿಕೊಳ್ಳುತ್ತವೆ. ಸಿಗ್ನಲ್ ವೀಕ್ ಇದೆ ಅಂತ ಗೇನ್ ಏರಿಸಿದ ಹಾಗೆ. ಈಗ ಮಾತ್ರೆ ಥಟ್ಟನೆ ನಿಂತಿತು. ಅದೇ ಅಡ್ರಿನಲಿನ್, ಆದರೆ ಕೇಳುವ ಕಿವಿಗಳು ಜಾಸ್ತಿ. ಹೃದಯ ಓಡತೊಡಗುತ್ತದೆ, ಬಿಪಿ ಏರುತ್ತದೆ. ಮೊದಲೇ ನಾಳ ಕಿರಿದಾಗಿರುವವರಲ್ಲಿ ಇದು ಎದೆನೋವು, ಹೃದಯಾಘಾತದವರೆಗೂ ಹೋಗಬಹುದು. ನಿಲ್ಲಿಸಲೇಬೇಕಾದರೆ ವೈದ್ಯರ ನಿಗಾದಲ್ಲಿ ಒಂದೆರಡು ವಾರ ತಗೊಂಡು ಹಂತ ಹಂತವಾಗಿ ಇಳಿಸುತ್ತಾರೆ. ಘಟ್ಟ ಇಳಿಯುವಾಗ ಯಾರೂ ಬ್ರೇಕಿಂದ ಕಾಲನ್ನ ಒಮ್ಮೆಲೇ ತೆಗೆಯಲ್ಲ ತಾನೇ?

ಮನೆಗೆ ಹೋದಾಗ ಇಷ್ಟು ನೋಡಿ

- ದೊಡ್ಡವರ ಮಾತ್ರೆಗಳಲ್ಲಿ "ಲಾಲ್" ಇದೆಯಾ ನೋಡಿ. ಇದ್ದರೆ, ಸ್ಟ್ರಿಪ್ಪಲ್ಲಿ ಒಂದು ವಾರದ್ದು ಉಳಿದಾಗಲೇ ಹೊಸದು ತಂದಿಡಿ.
- ಒಂದು ದಿನ ಮರೆತರೆ ಮರುದಿನ ಎರಡು ನುಂಗೋದು ಬೇಡ. ಹಲವು ದಿನ ತಪ್ಪಿದ್ದರೆ ವೈದ್ಯರನ್ನ ಕೇಳಿಯೇ ಮತ್ತೆ ಶುರುಮಾಡಿ.
- ನಿಧಾನವಾಗಿ ಬಿಡುಗಡೆಯಾಗುವ ಮಾತ್ರೆಯನ್ನ ಜಗಿಯಬೇಡಿ, ಪುಡಿಮಾಡಬೇಡಿ.
- ತಲೆಸುತ್ತು, ತೀರಾ ಸುಸ್ತು, ಕೈಕಾಲು ತಣ್ಣಗಾಗೋದು, ನಾಡಿ 50ಕ್ಕಿಂತ ಕೆಳಗೆ ಇಳಿಯೋದು ಕಂಡರೆ ವೈದ್ಯರಿಗೆ ಹೇಳಿ. ನೀವೇ ನಿಲ್ಲಿಸಬೇಡಿ.
- ಯಾವ ವೈದ್ಯರ ಹತ್ತಿರ ಹೋದರೂ, ಕಣ್ಣಿನವರ ಹತ್ತಿರವೂ, ಅಸ್ತಮಾ ಇದ್ದರೆ ಮೊದಲೇ ಹೇಳಿ.
- ಎದೆನೋವು, ಉಸಿರುಕಟ್ಟು, ಪ್ರಜ್ಞೆ ತಪ್ಪುವಂತಾದರೆ ಗೂಗಲ್ ಮಾಡ್ತಾ ಕೂರಬೇಡಿ, 108ಕ್ಕೆ ಫೋನ್ ಮಾಡಿ.

ಮೊನ್ನೆ ಸಂಕ್ರಾಂತಿಗೆ ಮತ್ತೆ ಆಯನೂರಿಗೆ ಹೋಗಿದ್ದೆವು. ಕ್ಯಾಲೆಂಡರಿನಲ್ಲಿ ಮಾತ್ರೆ ತರುವ ದಿನಕ್ಕೆ ಅಜ್ಜಿ ಕೆಂಪು ಪೆನ್ನಿನಲ್ಲಿ ಸುತ್ತು ಹಾಕಿದ್ದರು, ಹಬ್ಬಕ್ಕಿಂತ ದಪ್ಪ ಸುತ್ತು. ಅಜ್ಜ ತಾವಾಗಿಯೇ ಕೈ ಚಾಚಿ "ಎಣಿಸ್ರೋ ಎಂಜಿನಿಯರುಗಳಾ" ಅಂದರು. ಎಣಿಸಿದೆವು. 64.